ಮೈದಾನ ಹತ್ತಿರ, ಪಂದ್ಯ ದೂರ: ಫ್ರಿಸ್ಕೊದ ಒಂದು ಮನೆಯಲ್ಲಿ ಕೇಬಲ್ ಇಲ್ಲದೆ ರೇಂಜರ್ಸ್ ಬೇಸ್‌ಬಾಲ್

ಟೆಕ್ಸಸ್‌ನ ಫ್ರಿಸ್ಕೊದಿಂದ ಆರ್ಲಿಂಗ್ಟನ್‌ನ ಗ್ಲೋಬ್ ಲೈಫ್ ಫೀಲ್ಡ್ ತನಕ ನಕಾಶೆಯ ಮೇಲೆ ಗೆರೆ ಎಳೆದರೆ ಸುಮಾರು 30 ಮೈಲಿ. ಟೆಕ್ಸಸ್ ರೇಂಜರ್ಸ್ ಬೇಸ್‌ಬಾಲ್ ತಂಡದ ತವರು ಮೈದಾನ ಅದು. ಇಷ್ಟು ಹತ್ತಿರ ಇರುವ ಮನೆಯಲ್ಲಿ ಆ ತಂಡದ ಪಂದ್ಯ ನೋಡುವುದು ನ್ಯೂಜೆರ್ಸಿಯಲ್ಲಿ ಕೂತು ನೋಡುವುದಕ್ಕಿಂತ ಕಷ್ಟ. ತಮಾಷೆಗೆ ಹೇಳಿದ್ದಲ್ಲ, ಒಪ್ಪಂದಗಳು ಇರುವುದೇ ಹಾಗೆ.

ಇಲ್ಲಿ ಬರುವ ಮನೆ ಯಾರೊಬ್ಬರದೂ ಅಲ್ಲ. ಡಲ್ಲಾಸ್‌ನ ಉತ್ತರಕ್ಕಿರುವ ಹೊಸ ಬಡಾವಣೆಗಳಲ್ಲಿ ಪದೇ ಪದೇ ಎದುರಾಗುವ ತೊಡಕುಗಳನ್ನು ಒಂದೇ ಸೂರಿನಡಿ ಇಟ್ಟು ಬಿಡಿಸಿದ ಮಾದರಿ ಇದು. ಎರಡು ಮಹಡಿ, ಇಟ್ಟಿಗೆಯ ಹೊರಗೋಡೆ, 2016ರ ಸುಮಾರಿಗೆ ಕಟ್ಟಿದ್ದು, ಈಗಿನವರು ಎರಡನೇ ಮಾಲೀಕರು. ಫೈಬರ್ ಇಂಟರ್ನೆಟ್ ಇದೆ, ಕೇಬಲ್ ಇಲ್ಲ. ಕ್ರಿಕೆಟ್‌ಗೆ ವಿಲೋ ಚಂದಾ ಇದೆ. ಟಿವಿ ಎರಡು: ಕೆಳಗೆ ಹಾಲ್‌ನಲ್ಲಿ ಒಂದು, ಮೇಲೆ ಗೇಮ್ ರೂಮಿನಲ್ಲಿ ಒಂದು. ಹನ್ನೊಂದು ವರ್ಷದ ಮಗ ಮಕ್ಕಳ ಬೇಸ್‌ಬಾಲ್ ಆದ ಲಿಟಲ್ ಲೀಗ್ ಆಡುತ್ತಾನೆ. ಮೈಸೂರಿನಿಂದ ಆರು ತಿಂಗಳಿಗೆ ಬಂದ ತಾತನಿಗೆ ಸಂಜೆ ಏಳರ ಮೇಲೆ ಮೊಮ್ಮಗನ ಜತೆ ಕೂರಲು ಏನಾದರೂ ಬೇಕು. ಮಾತು 2025ರ ಸೀಸನ್ನಿನದು. ಒಪ್ಪಂದಗಳು ವರ್ಷ ವರ್ಷಕ್ಕೆ ಬದಲಾಗುವುದರಿಂದ ವರ್ಷ ನಮೂದಿಸದೆ ಈ ವಿಷಯ ಬರೆಯುವಂತಿಲ್ಲ.

ಮೊದಲು ಆದ ತಪ್ಪು

ಮನೆಯವರು ಮೊದಲು ಕೊಂಡಿದ್ದು ಎಂಎಲ್‌ಬಿ ಡಾಟ್ ಟಿವಿ. ಲೀಗ್‌ನದೇ ಸೇವೆ, ಆ ವರ್ಷ ಎಲ್ಲ ತಂಡಗಳಿಗೂ ಸೇರಿ 149.99 ಡಾಲರ್. ದುಡ್ಡು ಕಟ್ಟಿ, ಟಿವಿಗೆ ಸಿಕ್ಕಿಸುವ ರೋಕು ಸ್ಟ್ರೀಮಿಂಗ್ ಸಾಧನದಲ್ಲಿ ಆ್ಯಪ್ ಹಾಕಿ, ರೇಂಜರ್ಸ್ ಪಂದ್ಯ ಒತ್ತಿದರೆ ಚಿತ್ರ ಬರಲಿಲ್ಲ, ಬ್ಲ್ಯಾಕ್‌ಔಟ್ ಎಂಬ ಸೂಚನೆ ಬಂತು. ಹ್ಯೂಸ್ಟನ್ ಆ್ಯಸ್ಟ್ರೋಸ್ ಒತ್ತಿದರೂ ಅದೇ. ಸಿಯಾಟಲ್, ಬಾಸ್ಟನ್ ಒತ್ತಿದರೆ ಸಲೀಸಾಗಿ ಬಂತು. ಅವೇ ತಂಡಗಳು ರೇಂಜರ್ಸ್ ವಿರುದ್ಧ ಆಡಿದ ದಿನ ಮಾತ್ರ ಮತ್ತೆ ಕತ್ತಲು.

ಕಾರಣ ಹೀಗೆ. ಪ್ರತಿ ತಂಡಕ್ಕೂ ಒಂದು ಸೀಮೆ ಇದೆ. ರೇಂಜರ್ಸ್ ಸೀಮೆಯಲ್ಲಿ ಟೆಕ್ಸಸ್, ಒಕ್ಲಹೋಮ, ಅರ್ಕನ್ಸಾ, ಲೂಯಿಸಿಯಾನ, ನ್ಯೂ ಮೆಕ್ಸಿಕೋದ ಭಾಗ ಸೇರುತ್ತವೆ. ಟೆಕ್ಸಸ್ ಅನ್ನು ಆ್ಯಸ್ಟ್ರೋಸ್ ಕೂಡ ಹಂಚಿಕೊಂಡಿದೆ. ಸೀಮೆಯ ಒಳಗೆ ಪಂದ್ಯ ತೋರಿಸುವ ಹಕ್ಕನ್ನು ತಂಡ ಪ್ರಾದೇಶಿಕ ಕ್ರೀಡಾ ಚಾನೆಲ್ಲಿಗೆ ಮಾರುತ್ತದೆ. ಎಂಎಲ್‌ಬಿ ಡಾಟ್ ಟಿವಿ ಇರುವುದು ಸೀಮೆಯ ಹೊರಗಿನವರಿಗೆ. ಬಿಲ್ಲಿನ ವಿಳಾಸ ಎಲ್ಲಿಯದೇ ಇರಲಿ, ನೋಡುವ ಹೊತ್ತಿಗೆ ಇಂಟರ್ನೆಟ್ ವಿಳಾಸ ಮತ್ತು ಫೋನಿನ ಜಿಪಿಎಸ್ ನಿಮ್ಮನ್ನು ಎಲ್ಲಿ ತೋರಿಸುತ್ತವೋ ಅದೇ ಲೆಕ್ಕ. ಅಯೋವಾ ರಾಜ್ಯಕ್ಕೆ ತನ್ನದೇ ಮೇಜರ್ ಲೀಗ್ ತಂಡ ಇಲ್ಲ, ಆದರೂ ಅಲ್ಲಿ ಆರು ತಂಡಗಳಿಗೆ ಈ ಬ್ಲ್ಯಾಕ್‌ಔಟ್ ಇತ್ತು. ಲಾಸ್ ವೇಗಸ್‌ನಲ್ಲೂ ಆರು. ಅವರ ಪಾಡಿಗೆ ಹೋಲಿಸಿದರೆ ಫ್ರಿಸ್ಕೊದವರದು ಎರಡೇ.

ಭಾರತದಿಂದ ಬಂದವರಿಗೆ ಇದು ವಿಚಿತ್ರ ಅನ್ನಿಸಲು ಕಾರಣ ಇದೆ. ನಮ್ಮಲ್ಲಿ 2007ರ ಕಾಯ್ದೆಯೊಂದು ರಾಷ್ಟ್ರೀಯ ಮಹತ್ವದ ಪಂದ್ಯಗಳ ಸಿಗ್ನಲ್ಲನ್ನು ಪ್ರಸಾರ ಭಾರತಿ ಜತೆ ಹಂಚಿಕೊಳ್ಳಲೇಬೇಕು ಎನ್ನುತ್ತದೆ. ಹಕ್ಕು ಯಾರದೇ ಆದರೂ ದೂರದರ್ಶನದಲ್ಲಿ ಪಂದ್ಯ ಸಿಗುತ್ತದೆ. ಅಮೆರಿಕದಲ್ಲಿ ಅಂಥ ಕಾನೂನು ಇಲ್ಲ, ಎಲ್ಲವೂ ಒಪ್ಪಂದದ ಮೇಲೆ ನಿಂತಿದೆ.

ಕೊಂಡ 149.99 ಡಾಲರ್ ಪೂರ್ತಿ ವ್ಯರ್ಥವಲ್ಲ. ಬ್ಲ್ಯಾಕ್‌ಔಟ್ ಆದ ಪಂದ್ಯ ಮುಗಿದು ಸುಮಾರು 90 ನಿಮಿಷದ ಮೇಲೆ ಪೂರ್ತಿ ನೋಡಲು ತೆರೆದುಕೊಳ್ಳುತ್ತದೆ. ಆದರೆ ಸಂಜೆ 7:05ಕ್ಕೆ ಶುರುವಾದ ಪಂದ್ಯ ಹತ್ತರ ಹೊತ್ತಿಗೆ ಮುಗಿದರೆ ತೆರೆಯುವುದು ಹನ್ನೊಂದೂವರೆಗೆ. ಶಾಲೆಗೆ ಹೋಗುವ ಹುಡುಗನಿಗೆ ಅದು ಪ್ರಯೋಜನವಿಲ್ಲ. ವಿಪಿಎನ್ ಹಾಕಿ ಊರು ಮರೆಮಾಚುವ ಸಲಹೆ ಕೊಡುವವರು ಎಲ್ಲ ಕಡೆ ಸಿಗುತ್ತಾರೆ. ಅದು ಸೇವೆಯ ಷರತ್ತಿಗೆ ವಿರುದ್ಧ. ತಿಳಿದಿರುವ ವಿಪಿಎನ್ ವಿಳಾಸಗಳನ್ನು ಸೇವೆಗಳೇ ತಡೆಯುವುದರಿಂದ ಮೂರನೇ ಇನ್ನಿಂಗ್ಸ್‌ನಲ್ಲಿ ಚಿತ್ರ ನಿಂತುಹೋಗುವ ಸಾಧ್ಯತೆ ಬೇರೆ. ನ್ಯಾಯವಾದ ದಾರಿ ಇರುವಾಗ ಅದರ ಗೊಡವೆ ಬೇಡ.

ಯಾವ ರಾತ್ರಿ ಎಲ್ಲಿ?

ಯಾವ ಆ್ಯಪ್ ಕೊಳ್ಳಲಿ ಎಂದು ಕೇಳುವುದಕ್ಕೆ ಮುಂಚೆ ಯಾವ ವಾರ ಯಾರ ಕೈಯಲ್ಲಿದೆ ಎಂದು ನೋಡಬೇಕು. 162 ಪಂದ್ಯಗಳ ಸೀಸನ್ ಒಬ್ಬರ ಹತ್ತಿರ ಇಲ್ಲ.

ದೊಡ್ಡ ಪಾಲು ತಂಡದ್ದೇ ಪ್ರಸಾರ. 2024ರ ತನಕ ಅದು ಬ್ಯಾಲಿ ಸ್ಪೋರ್ಟ್ಸ್ ಸೌತ್‌ವೆಸ್ಟ್‌ನಲ್ಲಿ ಬರುತ್ತಿತ್ತು. ಅದರ ಒಡೆತನದ ಡೈಮಂಡ್ ಸ್ಪೋರ್ಟ್ಸ್ 2023ರ ಮಾರ್ಚ್‌ನಲ್ಲಿ ದಿವಾಳಿ ರಕ್ಷಣೆಗೆ ಅರ್ಜಿ ಹಾಕಿತು. ಆ ವರ್ಷವೇ ಸ್ಯಾನ್ ಡಿಯಾಗೊ ಮತ್ತು ಅರಿಜೋನಾ ತಂಡಗಳ ಪ್ರಸಾರವನ್ನು ಲೀಗ್ ಸೀಸನ್ ಮಧ್ಯದಲ್ಲೇ ಕೈಗೆತ್ತಿಕೊಂಡಿತು. ರೇಂಜರ್ಸ್ 2024ರ ಸೀಸನ್ ಮುಗಿಸಿ ಹೊರಬಂದು ರೇಂಜರ್ಸ್ ಸ್ಪೋರ್ಟ್ಸ್ ನೆಟ್‌ವರ್ಕ್ ಎಂಬ ತನ್ನದೇ ಚಾನೆಲ್ ಮಾಡಿಕೊಂಡಿತು. ಕೇಬಲ್, ಡಿಶ್ ಇಲ್ಲದವರಿಗೆ ಅದು ಸಿಗುವುದು ವಿಕ್ಟರಿ ಪ್ಲಸ್ ಆ್ಯಪ್‌ನಲ್ಲಿ, 2025ರ ಸೀಸನ್‌ಗೆ ಸುಮಾರು 100 ಡಾಲರ್.

ಶುಕ್ರವಾರದ ಕೆಲವು ಪಂದ್ಯ ಬಿಟ್ಟಿ. 33ನೇ ಚಾನೆಲ್ ಕೆಡಿಎಎಫ್ ಜತೆ ತಂಡ ಆ ವರ್ಷ 15 ಶುಕ್ರವಾರಗಳಿಗೆ ಒಪ್ಪಂದ ಮಾಡಿಕೊಂಡಿತ್ತು. ಛಾವಣಿಯ ಆಂಟೆನಾ ಸಾಕು.

ಶನಿವಾರ ರಾಷ್ಟ್ರೀಯ ಟಿವಿ ಜಾಲ ಫಾಕ್ಸ್ ಆರಿಸಿಕೊಂಡ ಪಂದ್ಯ 4ನೇ ಚಾನೆಲ್ ಕೆಡಿಎಫ್‌ಡಬ್ಲ್ಯುನಲ್ಲಿ. ಆಲ್ ಸ್ಟಾರ್ ಪಂದ್ಯ, ಅಕ್ಟೋಬರ್‌ನ ಅಂತಿಮ ಸರಣಿಯಾದ ವರ್ಲ್ಡ್ ಸೀರೀಸ್ ಎರಡೂ ಅಲ್ಲೇ. ವರ್ಲ್ಡ್ ಸೀರೀಸ್ 2000ದಿಂದ ಪ್ರತಿ ವರ್ಷ ಫಾಕ್ಸ್ ಕೈಯಲ್ಲೇ ಇದೆ. ಆಂಟೆನಾ ಹಾಕಿಸುವ ಖರ್ಚಿಗೆ ಇದೊಂದೇ ಸಾಕಾಗುವ ಕಾರಣ.

ಇನ್ನುಳಿದದ್ದು ಚಿಲ್ಲರೆ. ಆ್ಯಪಲ್ ಟಿವಿ ಪ್ಲಸ್ ಆ ವರ್ಷ ಶುಕ್ರವಾರ ಎರಡು ಪಂದ್ಯ ಎತ್ತಿಕೊಳ್ಳುತ್ತಿತ್ತು. ರೇಂಜರ್ಸ್ ಅದರಲ್ಲಿ ಸೇರಿದ ವಾರ ಕೆಡಿಎಎಫ್‌ನಲ್ಲೂ ಇಲ್ಲ, ವಿಕ್ಟರಿಯಲ್ಲೂ ಇಲ್ಲ. ಭಾನುವಾರ ಬೆಳಗಿನದೊಂದು ಪಂದ್ಯ ಆ ವರ್ಷ ರೋಕು ಚಾನೆಲ್‌ನಲ್ಲಿ, ಚಂದಾ ಬೇಡ. ಭಾನುವಾರ ರಾತ್ರಿಯದು ಆ ವರ್ಷ ಇಎಸ್‌ಪಿಎನ್ ಚಾನೆಲ್‌ನಲ್ಲಿತ್ತು. ನಿಮ್ಮ ತಂಡ ಯಾವಾಗಲೋ ಒಮ್ಮೆ ಬರುವ ಜಾಗಕ್ಕೆ ತಿಂಗಳ ಚಂದಾ ಕಟ್ಟುವುದು ದಂಡ. ಆ ರಾತ್ರಿಗೆ ರೇಡಿಯೋ ಇದೆ, ಅದು ಮುಂದೆ ಬರುತ್ತದೆ.

ಹೀಗೆ ಬೇರ್ಪಡಿಸಿದರೆ ಮನೆಗೆ ಬೇಕಾದದ್ದು ಎರಡೇ: ವಿಕ್ಟರಿ ಪ್ಲಸ್ ಮತ್ತು ಒಂದು ಆಂಟೆನಾ. ಯೂಟ್ಯೂಬ್ ಟಿವಿ ಹಾಕಿಸಿದರೆ ಎಲ್ಲ ಬರುತ್ತದೆ ಎನ್ನುವವರಿಗೆ ಒಂದು ಮಾತು: ಆ ಸೇವೆ ಈ ಪ್ರಾದೇಶಿಕ ಕ್ರೀಡಾ ಚಾನೆಲ್ಲುಗಳನ್ನು 2020ರ ಅಕ್ಟೋಬರ್‌ನಲ್ಲೇ ಕೈಬಿಟ್ಟಿತ್ತು. 2025ರಲ್ಲಿ ಅದರ ದರ ತಿಂಗಳಿಗೆ 82.99 ಡಾಲರ್, ಆರು ತಿಂಗಳಿಗೆ 497.94. ಅಷ್ಟು ಕೊಟ್ಟರೂ ಮಂಗಳವಾರ, ಬುಧವಾರದ ಮಾಮೂಲಿ ಪಂದ್ಯ ಸಿಗುವ ಭರವಸೆ ಇಲ್ಲ.

ವಿಕ್ಟರಿ ಪ್ಲಸ್ ಎಲ್ಲಿ ಎಡವುತ್ತದೆ

ಮೊದಲ ಗೊಂದಲ ಬೆಲೆಯದು. 2024ರಲ್ಲಿ ಈ ಆ್ಯಪ್ ಶುರುವಾದದ್ದು ಡಲ್ಲಾಸ್ ಸ್ಟಾರ್ಸ್ ಹಾಕಿ ಪಂದ್ಯಗಳನ್ನು ಜಾಹೀರಾತಿನೊಂದಿಗೆ ಬಿಟ್ಟಿ ತೋರಿಸುತ್ತ. ಹಾಗಾಗಿ "ವಿಕ್ಟರಿ ಫ್ರೀ ಅಲ್ವಾ?" ಎನ್ನುವವರು ಬಹಳ. ಹಾಕಿ ಬಿಟ್ಟಿ, ಬೇಸ್‌ಬಾಲ್‌ಗೆ ದುಡ್ಡು. ಖಾತೆ ತೆರೆದ ಮಾತ್ರಕ್ಕೆ ರೇಂಜರ್ಸ್ ಬರುವುದಿಲ್ಲ; ಸೀಸನ್ ಪಾಸ್ ಬೇರೆಯಾಗಿ ಕೊಳ್ಳಬೇಕು. ಕೊಳ್ಳುವುದನ್ನು ಫೋನ್ ಅಥವಾ ಲ್ಯಾಪ್‌ಟಾಪಿನಲ್ಲಿ ಮುಗಿಸಿ, ಆಮೇಲೆ ಟಿವಿಯಲ್ಲಿ ಅದೇ ಇಮೇಲ್‌ನಿಂದ ಒಳಗೆ ಹೋಗುವುದು ಸಲೀಸು. ಅಪ್ಪ ಒಂದು ಇಮೇಲ್‌ನಲ್ಲಿ ದುಡ್ಡು ಕಟ್ಟಿ, ಅಮ್ಮ ಟಿವಿಯಲ್ಲಿ ಇನ್ನೊಂದು ಇಮೇಲ್ ಹಾಕಿದರೆ ಪಾಸ್ ಕಾಣುವುದೇ ಇಲ್ಲ. ಕಟ್ಟಿದ ದುಡ್ಡು ಎಲ್ಲಿ ಹೋಯಿತು ಎಂದು ಹುಡುಕುವವರು ಮೊದಲು ಇದನ್ನು ನೋಡಲಿ.

ಎರಡನೆಯದು ಸ್ಥಳದ ತಕರಾರು. ಇದು ಎಂಎಲ್‌ಬಿ ಡಾಟ್ ಟಿವಿಗೆ ತಿರುಗುಮುರುಗು: ಸೀಮೆಯ ಒಳಗೆ ಇದ್ದರೆ ಮಾತ್ರ ತೋರಿಸುತ್ತದೆ. ಫೈಬರ್ ಸಂಪರ್ಕದ ವಿಳಾಸ ಸಾಮಾನ್ಯವಾಗಿ ಸರಿಯಾದ ಊರನ್ನೇ ತೋರಿಸುತ್ತದೆ. ಮೊಬೈಲ್ ಕಂಪನಿಗಳ 5ಜಿ ಹೋಮ್ ಇಂಟರ್ನೆಟ್ ಆದರೆ ಹೊರಗೆ ಕಾಣುವ ವಿಳಾಸ ಬೇರೆ ರಾಜ್ಯದ್ದಾಗಿರಬಹುದು, ಆಗ ಮನೆಯಲ್ಲೇ ಕೂತವರನ್ನು ಆ್ಯಪ್ ಪರದೇಶಿ ಮಾಡಿಬಿಡುತ್ತದೆ. ಐಟಿಯವರ ಮನೆಯಲ್ಲಿ ಇನ್ನೊಂದು ಬಗೆ: ಆಫೀಸಿನ ವಿಪಿಎನ್ ಹಚ್ಚಿದ ಲ್ಯಾಪ್‌ಟಾಪನ್ನೇ ಎಚ್‌ಡಿಎಂಐ ಕೇಬಲ್‌ನಿಂದ ಟಿವಿಗೆ ಸಿಕ್ಕಿಸುವುದು. ಆಫೀಸಿನ ಗೇಟ್‌ವೇ ಕ್ಯಾಲಿಫೋರ್ನಿಯಾದಲ್ಲಿದ್ದರೆ ಆ್ಯಪ್ ಪಾಲಿಗೆ ನೀವೂ ಅಲ್ಲೇ. ಟಿವಿಗೆ ಸ್ವಂತ ಸ್ಟ್ರೀಮಿಂಗ್ ಸ್ಟಿಕ್ ಇರಲಿ. ಫೋನಿನಲ್ಲಿ ಸ್ಥಳದ ಅನುಮತಿ ತೆರೆದಿರಲಿ. ಒಮ್ಮೆ ತಪ್ಪು ಊರು ಹಿಡಿದರೆ ಆ್ಯಪ್ ಪೂರ್ತಿ ಮುಚ್ಚಿ, ರೂಟರ್ ಆಫ್ ಮಾಡಿ ಆನ್ ಮಾಡಿದರೆ ಹೊಸ ವಿಳಾಸ ಸಿಗುವ ಸಾಧ್ಯತೆ ಇದೆ.

ಆಂಟೆನಾ: ಈ ಮನೆ ಸೋತ ಎರಡು ಜಾಗ

ಡಲ್ಲಾಸ್ ಸುತ್ತಿನವರ ಅದೃಷ್ಟ ಎಂದರೆ ದೊಡ್ಡ ಚಾನೆಲ್ಲುಗಳ ಗೋಪುರಗಳು ಹೆಚ್ಚುಕಡಿಮೆ ಒಂದೇ ಕಡೆ, ಊರಿನ ನೈಋತ್ಯದ ಸೀಡರ್ ಹಿಲ್‌ನಲ್ಲಿ ನಿಂತಿವೆ. ಫ್ರಿಸ್ಕೊದಿಂದ ಅದು 40 ಮೈಲಿ, ದಿಕ್ಕು ಸುಮಾರು 192 ಡಿಗ್ರಿ. ದಕ್ಷಿಣದಿಂದ ಒಂಚೂರು ಪಶ್ಚಿಮಕ್ಕೆ. ಮೂರು ದಿಕ್ಕಿಗೆ ಆಂಟೆನಾ ತಿರುಗಿಸುವ ಪಾಡು ಇಲ್ಲಿಲ್ಲ. ಅಮೆರಿಕದ ಸಂಪರ್ಕ ಆಯೋಗ ಎಫ್‌ಸಿಸಿಯ ಡಿಟಿವಿ ನಕಾಶೆಯಲ್ಲಿ ಮನೆಯ ವಿಳಾಸ ಹಾಕಿದರೆ ಪ್ರತಿ ಚಾನೆಲ್ಲಿನ ಬಲ ಮತ್ತು ದಿಕ್ಕು ಸಿಗುತ್ತದೆ.

ನಕಾಶೆ ಹೇಳುವ ಇನ್ನೊಂದು ಸಂಗತಿಯನ್ನು ಜನ ಗಮನಿಸುವುದಿಲ್ಲ. ಟಿವಿಯಲ್ಲಿ ಕಾಣುವ ಸಂಖ್ಯೆ ಬೇರೆ, ಗಾಳಿಯಲ್ಲಿ ಬರುವ ಚಾನೆಲ್ ಬೇರೆ. 4 ಎಂದು ಕಾಣುವ ಫಾಕ್ಸ್ ನಿಜವಾಗಿ ಬರುವುದು 35ರಲ್ಲಿ, ಅಂದರೆ 596ರಿಂದ 602 ಮೆಗಾಹರ್ಟ್ಜ್. 33 ಎಂದು ಕಾಣುವ ಕೆಡಿಎಎಫ್ ಬರುವುದು 32ರಲ್ಲಿ. ಇವೆರಡೂ ಯುಎಚ್‌ಎಫ್ ಎಂಬ ಹೆಚ್ಚಿನ ಆವರ್ತನದ ಪಟ್ಟಿಯವು; 5ನೇ ಚಾನೆಲ್ಲಿನ ಎನ್‌ಬಿಸಿಯೂ ಯುಎಚ್‌ಎಫ್. ಈ ಊರಿನ ದೊಡ್ಡ ಚಾನೆಲ್ಲುಗಳಲ್ಲಿ ಎಬಿಸಿಯ 8 ಮಾತ್ರ ಕಡಿಮೆ ಆವರ್ತನದ ಹಳೆಯ ವಿಎಚ್‌ಎಫ್ ಪಟ್ಟಿಯಲ್ಲೇ ಉಳಿದಿದೆ, 180ರಿಂದ 186 ಮೆಗಾಹರ್ಟ್ಜ್. ಬೇಸ್‌ಬಾಲ್ ಒಂದಕ್ಕೇ ಆದರೆ ವಿಎಚ್‌ಎಫ್‌ನ ಉದ್ದ ಕಡ್ಡಿಗಳಿಗೆ ಹೆಚ್ಚು ಹಣ ಕೊಡಬೇಕಿಲ್ಲ. ಮಧ್ಯಮ ಅಳತೆಯ ಯುಎಚ್‌ಎಫ್ ಆಂಟೆನಾ, 50ರಿಂದ 80 ಡಾಲರ್ ಒಳಗಿನದು, ಸಾಕು. ಪೆಟ್ಟಿಗೆಯ ಮೇಲೆ 200 ಮೈಲಿ, 300 ಮೈಲಿ ಎಂದು ಬರೆದಿರುತ್ತಾರೆ. ಭೂಮಿ ಗುಂಡಗಿದೆ ಎನ್ನುವುದನ್ನು ಮರೆತವರ ಮಾತು ಅದು.

ಮನೆಯವರು ಮೊದಲು ತಂದದ್ದು ಕಾಗದದಷ್ಟು ತೆಳುವಾದ ಚಪ್ಪಟೆ ಆಂಟೆನಾ. ದಕ್ಷಿಣದ ಕಿಟಕಿಗೆ ಅಂಟಿಸಿದರೆ ಬಂದ ಚಾನೆಲ್ ನಾಲ್ಕೋ ಐದೋ, ಅದರಲ್ಲಿ ಫಾಕ್ಸ್ ಇಲ್ಲ. ತಪ್ಪು ಆಂಟೆನಾದ್ದಲ್ಲ, ಗಾಜಿನದು. ಟೆಕ್ಸಸ್ ಬಿಸಿಲು ತಡೆಯಲು ಹೊಸ ಮನೆಗಳ ಕಿಟಕಿಗೆ ಲೋ-ಇ ಗಾಜು ಹಾಕುತ್ತಾರೆ. ಅದರ ಮೇಲೆ ಕಣ್ಣಿಗೆ ಕಾಣದಷ್ಟು ತೆಳುವಾಗಿ ಬೆಳ್ಳಿಯ ಲೇಪ ಇರುತ್ತದೆ. ಬಿಸಿಲಿನ ಶಾಖವನ್ನು ಹೊರಗೆ ನಿಲ್ಲಿಸುವ ಆ ಲೋಹವೇ ಟಿವಿ ಅಲೆಯನ್ನೂ ನಿಲ್ಲಿಸುತ್ತದೆ. ಅದೇ ಆಂಟೆನಾವನ್ನು ಕಿಟಕಿ ತೆರೆದು ಸೊಳ್ಳೆಪರದೆಯ ಆಚೆ ಹಿಡಿದು ನೋಡಿದರೆ ವ್ಯತ್ಯಾಸ ಗೊತ್ತಾಗುತ್ತದೆ. ಪರದೆ ಲೋಹದ್ದಾದರೆ ಅದೂ ಅಡ್ಡಿಯೇ.

ಎರಡನೇ ಪ್ರಯತ್ನ ಅಟ್ಟ. ಮಳೆ ಬಿಸಿಲಿಲ್ಲ, ನೆರೆಯವರಿಗೆ ಕಾಣದು, ಹೊರಗಿನ ಏಣಿ ಬೇಡ; ಕೇಳಲು ಚೆನ್ನಾಗಿದೆ. ದೊಡ್ಡ ಆಂಟೆನಾ ಹೊತ್ತು ಹತ್ತಿ ಇಳಿದ ಮೇಲೆ ಫಲಿತಾಂಶ ಕಿಟಕಿಗಿಂತಲೂ ಕಳಪೆ. ಟಾರ್ಚ್ ಮೇಲಕ್ಕೆ ಹಿಡಿದರೆ ಉತ್ತರ ಅಲ್ಲೇ ಹೊಳೆಯುತ್ತದೆ: ಛಾವಣಿಯ ಹಲಗೆಯ ಒಳಮೈ ಪೂರ್ತಿ ಅಲ್ಯೂಮಿನಿಯಂ ಹಾಳೆ. ರೇಡಿಯಂಟ್ ಬ್ಯಾರಿಯರ್ ಎಂದು ಕರೆಯುವ ಇದು ಈ ಕಡೆಯ ಹೊಸ ಮನೆಗಳಲ್ಲಿ ಸಾಮಾನ್ಯ. ಆಂಟೆನಾವನ್ನು ಬೆಳ್ಳಿ ಕಾಗದದಲ್ಲಿ ಸುತ್ತಿದ ಊಟದ ಪೊಟ್ಟಣದೊಳಗೆ ಇಟ್ಟ ಹಾಗೆ. ಅಟ್ಟಕ್ಕೆ ಆಂಟೆನಾ ಹೊರುವ ಮುಂಚೆ ಟಾರ್ಚ್ ಹೊತ್ತು ಒಮ್ಮೆ ನೋಡಿಬನ್ನಿ. ಹಲಗೆ ಮರದ ಬಣ್ಣದ್ದಾಗಿದ್ದರೆ ಪ್ರಯತ್ನಿಸಬಹುದು. ಬೆಳ್ಳಿ ಬಣ್ಣ ಕಂಡರೆ ಇಳಿದುಬಿಡಿ. ಬೇಸಿಗೆಯಲ್ಲಿ ಈ ಕೆಲಸ ಬೆಳಿಗ್ಗೆ ಎಂಟರೊಳಗೆ ಆಗಬೇಕು; ಮಧ್ಯಾಹ್ನದ ಅಟ್ಟದಲ್ಲಿ ಮನುಷ್ಯ ನಿಲ್ಲುವ ಹಾಗಿರುವುದಿಲ್ಲ.

ಗೆದ್ದ ಜಾಗ

ಹಿಂದಿನ ಮಾಲೀಕರು ಬಿಟ್ಟುಹೋದ ಉಪಗ್ರಹದ ಡಿಶ್ ಒಂದು ಸೂರಿನ ಅಂಚಿನಲ್ಲಿ ತುಕ್ಕು ಹಿಡಿಯುತ್ತಿತ್ತು. ಕಸ ಎಂದು ತೆಗೆಸಬೇಕೆಂದಿದ್ದ ಅದೇ ಕೆಲಸಕ್ಕೆ ಬಂತು. 101 ಡಿಗ್ರಿ ಪಶ್ಚಿಮದ ಉಪಗ್ರಹದತ್ತ ನೋಡುವ ಡಿಶ್ ಫ್ರಿಸ್ಕೊದಲ್ಲಿ ತಿರುಗಿರುವುದು ಸುಮಾರು 188 ಡಿಗ್ರಿಗೆ. ಸೀಡರ್ ಹಿಲ್ 192ರಲ್ಲಿ. ಡಿಶ್ ಹಾಕಿದವನು ದಕ್ಷಿಣಕ್ಕೆ ಮರೆಯಿಲ್ಲದ ಜಾಗವನ್ನು ನಮ್ಮ ಪರವಾಗಿ ಆಗಲೇ ಹುಡುಕಿಟ್ಟಿದ್ದಾನೆ. ಒಂದು ಎಚ್ಚರ: ಡಿಶ್ ನೋಡುವುದು ಮೇಲಕ್ಕೆ, ಆಕಾಶದ ಅರ್ಧದಷ್ಟು ಎತ್ತರಕ್ಕೆ, ಆಂಟೆನಾ ನೋಡುವುದು ನೆಲಕ್ಕೆ ಸಮವಾಗಿ. ಎದುರು ಮನೆಯ ಮಾಡು ಅಡ್ಡ ಇದೆಯೇ ಎಂದು ಏಣಿಯ ಮೇಲಿಂದ ಕಣ್ಣಳತೆಯಲ್ಲೇ ನೋಡಿಕೊಳ್ಳಬೇಕು.

ಡಿಶ್ ಬಿಚ್ಚಿದರೆ ಜೆ ಆಕಾರದ ಗಟ್ಟಿ ಕೊಳವೆ ಉಳಿಯುತ್ತದೆ. ಆಂಟೆನಾದ ಕ್ಲಾಂಪ್ ಅದಕ್ಕೆ ಹಿಡಿಯುತ್ತದೆಯೇ ಎಂದು ಕೊಳ್ಳುವ ಮೊದಲೇ ಕೊಳವೆಯ ದಪ್ಪ ಅಳೆದುಕೊಳ್ಳಿ. ಇಳಿದುಬರುವ ಆರ್‌ಜಿ-6 ಎಂಬ ಟಿವಿ ಕೇಬಲ್ ಕೂಡ ಅದೇ ಬಳಸಬಹುದು. ತುದಿಯ ಕನೆಕ್ಟರ್ ಮಾತ್ರ ಕತ್ತರಿಸಿ ಹೊಸದು ಹಾಕಿ. ಹತ್ತು ವರ್ಷ ಮಳೆ ಬಿಸಿಲು ಕಂಡ ಕನೆಕ್ಟರ್ ಒಳಗೆ ಹಸಿರು ಕಿಲುಬು ಕೂತಿರುತ್ತದೆ. ಗಾಳಿ ಬೀಸಿದಾಗ ಮಾತ್ರ ಚಿತ್ರ ಕಡಿಯುವ ಕಾಯಿಲೆಗೆ ಇದೇ ಮೂಲ. ಕೇಬಲ್‌ನ ಇನ್ನೊಂದು ತುದಿಯಲ್ಲಿ ಡಿಶ್‌ಗೆ ಕರೆಂಟ್ ಕಳಿಸುತ್ತಿದ್ದ ಪವರ್ ಇನ್ಸರ್ಟರ್ ಇದ್ದರೆ ತಪ್ಪದೆ ತೆಗೆಯಿರಿ.

ಡಿಶ್‌ನ ಜತೆ ಗೋಡೆಯಲ್ಲಿ ಒಂದು ಚಿಕ್ಕ ಗ್ರೌಂಡಿಂಗ್ ಬ್ಲಾಕ್ ಇರಬೇಕು. ಇಲ್ಲದಿದ್ದರೆ ಹಾಕಿಸಿ: ಕೇಬಲ್ ಮನೆಯೊಳಗೆ ಹೋಗುವ ಜಾಗದಲ್ಲಿ ಬ್ಲಾಕ್, ಅಲ್ಲಿಂದಲೂ ಕೊಳವೆಯಿಂದಲೂ 10 ಗೇಜ್ ತಾಮ್ರದ ತಂತಿ, ಮನೆಯ ಕರೆಂಟಿನ ಅರ್ಥಿಂಗ್‌ಗೆ. ಅಂಗಳದಲ್ಲಿ ಪ್ರತ್ಯೇಕ ಸರಳು ಹೊಡೆದು ಅಲ್ಲಿಗೇ ಬಿಟ್ಟರೆ ಸಾಲದು. ಎರಡು ಅರ್ಥಿಂಗ್ ಒಂದಕ್ಕೊಂದು ಸೇರಿರಬೇಕು. ಬೇಸ್‌ಬಾಲ್ ಶುರುವಾಗುವ ವಸಂತವೇ ಉತ್ತರ ಟೆಕ್ಸಸ್‌ನ ಗುಡುಗು, ಆಲಿಕಲ್ಲಿನ ಕಾಲವೂ ಹೌದು. ನೇರ ಬಡಿದ ಸಿಡಿಲನ್ನು ಈ ತಂತಿ ತಡೆಯುವುದಿಲ್ಲ, ದೂರದ ಸಿಡಿಲಿನಿಂದ ತುಂಬಿಕೊಳ್ಳುವ ವಿದ್ಯುತ್ತನ್ನು ಹರಿಸಿಬಿಡುತ್ತದೆ.

ಬಡಾವಣೆಯ ಸಂಘ ಏನೆನ್ನುತ್ತದೋ ಎಂಬ ಭಯ ಬೇಡ. 1996ರಿಂದ ಜಾರಿಯಲ್ಲಿರುವ ಎಫ್‌ಸಿಸಿ ನಿಯಮದ ಪ್ರಕಾರ ಸ್ವಂತ ಮನೆಯ ಟಿವಿ ಆಂಟೆನಾವನ್ನು ಸಂಘ ಬೇಡ ಅನ್ನುವಂತಿಲ್ಲ, ಅನಗತ್ಯವಾಗಿ ತಡ ಮಾಡುವಂತಿಲ್ಲ, ಖರ್ಚು ಹೆಚ್ಚಿಸುವಂತಿಲ್ಲ. ಸುರಕ್ಷತೆಯ ಕಾರಣ ಬೇರೆ ಮಾತು. ಅಪಾರ್ಟ್‌ಮೆಂಟ್ ಬಾಡಿಗೆದಾರರಿಗೂ ಈ ನಿಯಮ ಇದೆ, ಆದರೆ ತಮ್ಮದೇ ಬಾಲ್ಕನಿಯ ಒಳಗೆ ಮಾತ್ರ. ಎಲ್ಲರದೂ ಆದ ಛಾವಣಿ, ಹೊರಗೋಡೆಗೆ ಅನ್ವಯಿಸದು.

ತಿರುಗಿಸುವುದು

ಇಲ್ಲಿ ತಾತನ ಅನುಭವ ಸ್ವಲ್ಪ ಕೈಕೊಟ್ಟಿತು. ದೂರದರ್ಶನದ ಕಾಲದಲ್ಲಿ ಒಬ್ಬರು ತಾರಸಿಯ ಮೇಲೆ, ಒಬ್ಬರು ಟಿವಿ ಮುಂದೆ, "ಬಂತಾ?" "ಚುಕ್ಕಿ ಚುಕ್ಕಿ ಇದೆ, ಇನ್ನೂ ಎಡಕ್ಕೆ." ಆ ಚುಕ್ಕಿಗಳೇ ದಾರಿ ತೋರಿಸುತ್ತಿದ್ದವು. ಡಿಜಿಟಲ್‌ನಲ್ಲಿ ಚುಕ್ಕಿ ಇಲ್ಲ. ಬೆರೆತುಬರುವ ಅಡ್ಡ ಅಲೆಗಳ ಗದ್ದಲಕ್ಕಿಂತ ಸಿಗ್ನಲ್ ಸುಮಾರು 15 ಡಿಬಿ (ಡೆಸಿಬೆಲ್, ಸಿಗ್ನಲ್ ಬಲ ಹೋಲಿಸುವ ಅಳತೆ) ಮೇಲಿದ್ದರೆ ಪೂರ್ತಿ ಚಿತ್ರ, ಅದರ ಕೆಳಗಿಳಿದರೆ ಏನೂ ಇಲ್ಲ. ನಡುವಿನ ಇಕ್ಕಟ್ಟಿನಲ್ಲಿ ಚಿತ್ರ ಚೌಕ ಚೌಕವಾಗಿ ಒಡೆಯುತ್ತದೆ, ಅಷ್ಟೆ.

"ತಾತ, ಪಿಕ್ಚರ್ ನೋಡ್ಬೇಡಿ, ನಂಬರ್ ನೋಡಿ" ಎಂದ ಮೊಮ್ಮಗ ಸರಿಯಾಗಿಯೇ ಹೇಳಿದ. ಟಿವಿಯ ಸೆಟಿಂಗ್ಸ್‌ನಲ್ಲಿ ಸಿಗ್ನಲ್ ಮೀಟರ್ ಇರುತ್ತದೆ. ಬಲ ಮತ್ತು ಗುಣ ಎಂದು ಎರಡು ಸಂಖ್ಯೆ. ಗುಣದ ಸಂಖ್ಯೆಯನ್ನೇ ನಂಬಬೇಕು. ಆಂಟೆನಾವನ್ನು 180 ಡಿಗ್ರಿಯಲ್ಲಿ ಇಟ್ಟು ಐದೈದು ಡಿಗ್ರಿ ಸರಿಸುತ್ತ 205ರ ತನಕ ಹೋಗಿ. ಪ್ರತಿ ಸಲವೂ ಹತ್ತು ಸೆಕೆಂಡ್ ಕೈ ತೆಗೆದು ಕಾಯಬೇಕು. ಟ್ಯೂನರ್‌ಗೆ ಹಿಡಿದುಕೊಳ್ಳಲು ಅಷ್ಟು ಹೊತ್ತು ಬೇಕು, ಮನುಷ್ಯನ ಮೈ ಪಕ್ಕದಲ್ಲಿದ್ದರೂ ಲೆಕ್ಕ ಕೆಡುತ್ತದೆ. 4ನೇ ಚಾನೆಲ್ಲಿಗೂ 33ಕ್ಕೂ ಒಟ್ಟಿಗೆ ಒಪ್ಪುವ ಜಾಗ ಸಿಕ್ಕಿದ ಮೇಲೆ ನಟ್ಟು ಬಿಗಿಮಾಡಿ, ಆಮೇಲೆ ಚಾನೆಲ್ ಸ್ಕ್ಯಾನ್. ಸ್ಕ್ಯಾನ್ ಮೊದಲು ಮಾಡಿ ಆಮೇಲೆ ತಿರುಗಿಸಿದರೆ ಆಗ ಸಿಗದ ಚಾನೆಲ್ ಪಟ್ಟಿಯಲ್ಲೇ ಇರುವುದಿಲ್ಲ.

ಮನೆಯೊಳಗೆ ಸೋರಿಹೋಗುವ ಸಿಗ್ನಲ್

ಆಂಟೆನಾದ ಕೇಬಲ್ ನೇರ ಟಿವಿಗೆ ಹಾಕಿದಾಗ ಫಾಕ್ಸ್ ಬಂತು. ಮನೆಯ ವೈರಿಂಗ್ ಮೂಲಕ ಹಾಕಿದಾಗ ಹೋಯಿತು. ಬೆಡ್‌ರೂಮಿನ ಕ್ಲಾಸೆಟ್‌ನಲ್ಲಿ ಬಿಲ್ಡರ್ ಕೊಟ್ಟ ಬಿಳಿ ಪೆಟ್ಟಿಗೆ ತೆರೆದರೆ ಎಂಟು ದಾರಿಯ ಸ್ಪ್ಲಿಟರ್. ಎಂಟು ದಾರಿಗೆ ಹಂಚಿದರೆ ಪ್ರತಿ ದಾರಿಯಲ್ಲಿ ಸುಮಾರು 11 ಡಿಬಿ ಕಡಿಮೆ; 100 ಅಡಿ ಆರ್‌ಜಿ-6 ಈ ಆವರ್ತನದಲ್ಲಿ ಇನ್ನೂ 5 ಡಿಬಿ ತಿನ್ನುತ್ತದೆ. ಒಟ್ಟು 16 ಡಿಬಿ ಎಂದರೆ ಆಂಟೆನಾ ಹಿಡಿದ ಸಿಗ್ನಲ್ಲಿನ ನಲವತ್ತರಲ್ಲಿ ಒಂದು ಪಾಲು ಮಾತ್ರ ಟಿವಿಗೆ ಸೇರಿತು. ಉಳಿದ ಆರು ದಾರಿ ಖಾಲಿ ಕೋಣೆಗಳ ಗೋಡೆಗೆ ಹೋಗುತ್ತಿದ್ದವು, ಯಾರೂ ನೋಡದ ಟಿವಿಗಳಿಗೆ.

ಮದ್ದು ಎಂಟು ಡಾಲರಿನದು: ಎರಡು ದಾರಿಯ ಸ್ಪ್ಲಿಟರ್. ಅದರಲ್ಲಿ ಹೋಗುವುದು 3.5 ಡಿಬಿ. ಯಾವ ಕೇಬಲ್ ಯಾವ ಕೋಣೆಯದು ಎಂದು ಚೀಟಿ ಅಂಟಿಸಿಲ್ಲದಿದ್ದರೆ ಹತ್ತು ಹದಿನೈದು ಡಾಲರಿನ ಕೇಬಲ್ ಟೆಸ್ಟರ್ ತನ್ನಿ; ಒಂದೊಂದನ್ನೂ ಸಿಕ್ಕಿಸಿ ಮೇಲೆ ಕೆಳಗೆ ಓಡಾಡುವುದು ಉಳಿಯುತ್ತದೆ.

ಬಹಳ ಜನ ಇಲ್ಲಿ ಆ್ಯಂಪ್ಲಿಫೈಯರ್ ತರಲು ಓಡುತ್ತಾರೆ. ಈ ಮನೆಯವರೂ ತಂದಿದ್ದರು. ಹಾಕಿದ ಮೇಲೆ 33 ಚೆನ್ನಾಗಿ ಬಂತು, 4 ಹೋಯಿತು. ಕಾರಣ ಬಡಾವಣೆಯ ಅಂಚಿನ ಮೊಬೈಲ್ ಗೋಪುರ. ಟಿವಿಯ ಪಟ್ಟಿ ಈಗ 608 ಮೆಗಾಹರ್ಟ್ಜ್‌ಗೆ ಮುಗಿಯುತ್ತದೆ. 617ರಿಂದ ಟಿ-ಮೊಬೈಲ್ ಬಳಸುವ 600 ಮೆಗಾಹರ್ಟ್ಜ್ ಪಟ್ಟಿ ಶುರು. ಫಾಕ್ಸ್ ಕೂತಿರುವುದು 602ರ ತನಕ, ಅಂದರೆ ಗಡಿಗೆ ತಾಗಿದ ಹಾಗೆ. ಆ್ಯಂಪ್ಲಿಫೈಯರ್‌ಗೆ ಇದು ನನ್ನದು ಅದು ಪರರದು ಎಂಬ ಭೇದ ಇಲ್ಲ. ಪಕ್ಕದ ಗೋಪುರದ ದೊಡ್ಡ ದನಿಯನ್ನು ಇನ್ನೂ ದೊಡ್ಡದು ಮಾಡಿ ಟ್ಯೂನರಿನ ಕಿವಿ ಕಿವುಡಾಗಿಸುತ್ತದೆ, ಗಡಿಯ ಚಾನೆಲ್ ಮೊದಲು ಮುಳುಗುತ್ತದೆ. ಎಲ್ಲ ಇದ್ದು ಫಾಕ್ಸ್ ಒಂದೇ ಹೋದರೆ ಆ್ಯಂಪ್ಲಿಫೈಯರ್ ತೆಗೆದು ನೋಡಿ. ಎರಡು ಟಿವಿಯ ಮನೆಗೆ, 40 ಮೈಲಿಗೆ, ಹೊರಗಿನ ಆಂಟೆನಾ ಇದ್ದಾಗ ಅದರ ಅಗತ್ಯ ಸಾಮಾನ್ಯವಾಗಿ ಬೀಳುವುದಿಲ್ಲ. ಬಿದ್ದರೆ ಮೊಬೈಲ್ ಅಲೆಗಳನ್ನು ತಡೆಯುವ ಎಲ್‌ಟಿಇ ಫಿಲ್ಟರ್ ಆ್ಯಂಪ್ಲಿಫೈಯರ್‌ಗಿಂತ ಮೊದಲು ಬರಬೇಕು. ಫಿಲ್ಟರ್ 600 ಮೆಗಾಹರ್ಟ್ಜ್ ಪಟ್ಟಿಯನ್ನು ತಡೆಯುವ ಹೊಸ ಬಗೆಯದೇ ಆಗಿರಲಿ, 700ರಿಂದ ಮೇಲೆ ಮಾತ್ರ ತಡೆಯುವ ಹಳೆಯದಲ್ಲ.

ಖರ್ಚು, ಮತ್ತು ಮುಂದೆ ಓಡುವ ದನಿ

ಕೊನೆಗೆ ನಿಂತ ಲೆಕ್ಕ: ವಿಕ್ಟರಿ ಪ್ಲಸ್ 100, ಆಂಟೆನಾ 70, ಸ್ಪ್ಲಿಟರ್ 8, ಕನೆಕ್ಟರ್, ತಾಮ್ರದ ತಂತಿ, ಟೆಸ್ಟರ್ ಸೇರಿ ಸುಮಾರು 35 ಡಾಲರ್. ಮೊದಲ ವರ್ಷಕ್ಕೆ 213, ದರ ಏರದಿದ್ದರೆ ಮರುವರ್ಷ 100. ಎಂಎಲ್‌ಬಿ ಡಾಟ್ ಟಿವಿಗೆ ಕೊಟ್ಟ ಹಣ ಇದರಲ್ಲಿ ಸೇರಿಲ್ಲ. ಅದು ತಾನಾಗಿ ನವೀಕರಣ ಆಗುವ ಚಂದಾ. ಮುಂದಿನ ಸೀಸನ್‌ಗೆ ಮುಂಚೆ ಸೆಟಿಂಗ್ಸ್‌ಗೆ ಹೋಗಿ ನಿಲ್ಲಿಸದಿದ್ದರೆ ಮತ್ತೆ ಕಡಿತ ಆಗುತ್ತದೆ.

ಸ್ಟ್ರೀಮಿಂಗ್ ಚಿತ್ರ ಮೈದಾನಕ್ಕಿಂತ ಅರ್ಧ ನಿಮಿಷವೋ ಇನ್ನೂ ಹೆಚ್ಚೋ ಹಿಂದೆ ಇರುತ್ತದೆ. ಆಂಟೆನಾದ್ದು ಕೆಲವೇ ಸೆಕೆಂಡ್. ಮೇಲಿನ ಟಿವಿಯಲ್ಲಿ ಆಂಟೆನಾ, ಕೆಳಗೆ ಆ್ಯಪ್ ಹಾಕಿದರೆ ಮೇಲಿನ ಕೂಗಿನಿಂದಲೇ ಕೆಳಗಿನವರಿಗೆ ಹೋಮ್ ರನ್ ಗೊತ್ತಾಗುತ್ತದೆ. ಕನ್ನಡ ಕೂಟದ ವಾಟ್ಸ್‌ಆ್ಯಪ್ ಗುಂಪನ್ನು ಆ ಹೊತ್ತಿಗೆ ಮ್ಯೂಟ್ ಮಾಡುವುದೊಂದೇ ದಾರಿ.

ರೇಡಿಯೋದಲ್ಲಿ 105.3 ದಿ ಫ್ಯಾನ್ ರೇಂಜರ್ಸ್ ಪಂದ್ಯಗಳ ವೀಕ್ಷಕ ವಿವರಣೆ ಕೊಡುತ್ತದೆ. ಮಾಮೂಲಿ ಎಫ್‌ಎಂ ಸೆಟ್ಟು ಸಾಕು, ಚಂದಾ ಇಲ್ಲ, ಬ್ಲ್ಯಾಕ್‌ಔಟ್ ಇಲ್ಲ. ಆ್ಯಪಲ್‌ಗೋ ಇಎಸ್‌ಪಿಎನ್‌ಗೋ ಹೋದ ರಾತ್ರಿಗಳನ್ನು ಮನೆಯವರು ಹೀಗೆ ತುಂಬಿಸಿಕೊಂಡರು. ಕ್ರಿಕೆಟ್ ಕಾಮೆಂಟರಿ ಕೇಳಿ ಬೆಳೆದ ಕಿವಿಗೆ ಬೇಸ್‌ಬಾಲ್ ರೇಡಿಯೋ ಬೇಗ ಹೊಂದುತ್ತದೆ. ಎರಡು ಎಸೆತದ ನಡುವೆ ಮಾತಿಗೆ ಜಾಗ ಇರುವ ಆಟ ಎರಡೂ. ಈ ಸೀಮೆಯಲ್ಲಿ ಎರಡರ ನಂಟು ಕಲ್ಲು ಮಣ್ಣಿನಲ್ಲೂ ಇದೆ. ಆರ್ಲಿಂಗ್ಟನ್ ಪಕ್ಕದ ಗ್ರ್ಯಾಂಡ್ ಪ್ರೇರಿ ಕ್ರಿಕೆಟ್ ಮೈದಾನ ಮೊದಲು ಏರ್‌ಹಾಗ್ಸ್ ಎಂಬ ಬೇಸ್‌ಬಾಲ್ ತಂಡದ್ದಾಗಿತ್ತು. 2023ರಲ್ಲಿ ಕ್ರಿಕೆಟ್‌ಗೆ ಬದಲಾಯಿತು. 2024ರ ಜೂನ್ 6ರಂದು ಅಮೆರಿಕ ತಂಡ ಪಾಕಿಸ್ತಾನವನ್ನು ಸೂಪರ್ ಓವರ್‌ನಲ್ಲಿ ಸೋಲಿಸಿದ್ದು ಅಲ್ಲೇ, ಆ ಪಂದ್ಯದಲ್ಲಿ ಮೂರು ವಿಕೆಟ್ ತೆಗೆದ ನಾಸ್ತುಷ್ ಕೆಂಜಿಗೆ ಕರ್ನಾಟಕದಲ್ಲಿ ಬೆಳೆದವರು.

2026ಕ್ಕೆ ಬದಲಾದದ್ದು ಇಷ್ಟು. ಭಾನುವಾರ ರಾತ್ರಿಯ ಪಂದ್ಯ ಇಎಸ್‌ಪಿಎನ್‌ನಿಂದ ಎನ್‌ಬಿಸಿ ಮತ್ತು ಅದರ ಸ್ಟ್ರೀಮಿಂಗ್ ಸೇವೆ ಪೀಕಾಕ್‌ಗೆ ಹೋಯಿತು. ಭಾನುವಾರ ಬೆಳಗಿನದೂ ರೋಕು ಬಿಟ್ಟು ಅದೇ ಬಣ ಸೇರಿತು. ಸೀಸನ್ನಿನ ಮೊದಲ ರಾತ್ರಿ ಮತ್ತು ಹೋಮ್ ರನ್ ಡರ್ಬಿ ನೆಟ್‌ಫ್ಲಿಕ್ಸ್‌ಗೆ. ಎಂಎಲ್‌ಬಿ ಡಾಟ್ ಟಿವಿಯ ಮಾರಾಟ ಇಎಸ್‌ಪಿಎನ್ ಕೈಗೆ. ಫಾಕ್ಸ್ ಎಲ್ಲಿತ್ತೋ ಅಲ್ಲೇ. ಸೂರಿನ ಮೇಲಿನ ಆಂಟೆನಾ ಇರುವ ಮನೆಗೆ ಇದರಿಂದ ಲಾಭವೇ ಆಯಿತು: ಎನ್‌ಬಿಸಿಯಲ್ಲಿ ಬರುವ ಭಾನುವಾರದ ಪಂದ್ಯಗಳು 5ನೇ ಚಾನೆಲ್‌ನಲ್ಲಿ ಬಿಟ್ಟಿ, ಅದೇ ಸೀಡರ್ ಹಿಲ್‌ನಿಂದ, ಅದೇ 192 ಡಿಗ್ರಿಯಲ್ಲಿ. ನಟ್ಟು ಸಡಿಲಿಸಬೇಕಾಗಿಲ್ಲ.